ಹಾಡುವವರು ಉಸಿರೆಳೆಯುವ ಜಾಗ

ಗೋಡೆಯ ಆಚೆ ಈಗ ಡ್ರಿಲ್ಲಿನ ಸದ್ದು. ಪಕ್ಕದ ಮನೆಗೆ ಹೊಸದಾಗಿ ಬಂದ ಗಂಡ ಹೆಂಡತಿ ಹಳೆಯ ಅಡುಗೆಮನೆ ಕಿತ್ತು ಹೊಸದು ಕೂರಿಸುತ್ತಿದ್ದಾರೆ. ಒಳ್ಳೆಯ ಮಕ್ಕಳು. ಕೆಲಸ ಶುರುವಾಗುವ ಮೊದಲೇ ಬಾಗಿಲು ತಟ್ಟಿ, ಸ್ವಲ್ಪ ದಿನ ಗಲಾಟೆಯಾಗುತ್ತದೆ, ಬೇಸರ ಮಾಡಿಕೊಳ್ಳಬೇಡಿ ಎಂದು ಹೇಳಿ ಟುಲಿಪ್ ಹೂವಿನ ಕಟ್ಟು ಕೊಟ್ಟು ಹೋದರು. ಆಗಲಿ ಬಿಡಿ ಎಂದೆ. ಆ ಗೋಡೆಯಿಂದ ಏನಾದರೂ ಸದ್ದು ಬರಲಿ ದೇವರೇ ಎಂದು ನಾನು ಕಿವಿಗೊಟ್ಟು ಕೂತ ದಿನಗಳಿದ್ದವು. ಅದನ್ನೆಲ್ಲ ಆ ಮಕ್ಕಳಿಗೆ ಹೇಳುವುದು ಹೇಗೆ?

ಅಲ್ಲಿ ಇದ್ದವರು ಅಮೆರಿಕದ ಒಬ್ಬ ಅಜ್ಜ. ಸ್ಯಾಕ್ಸೊಫೋನ್ ನುಡಿಸುವವರು. ಅವರೂ ಈಗ ಇಲ್ಲ, ಅವರ ಡಚ್ ಹೆಂಡತಿಯೂ ಇಲ್ಲ. ಇಬ್ಬರೂ ಒಂದೇ ವಸಂತದಲ್ಲಿ ಹೋದರು. ಅವರ ಹೆಸರನ್ನು ನಾನಿಲ್ಲಿ ಬರೆಯುವುದಿಲ್ಲ. ಅರ್ಧ ಅಮೆರಿಕ ಅವರ ವಾದ್ಯವನ್ನು ಕೇಳುತ್ತಿದ್ದ ಕಾಲದಲ್ಲೇ ಯಾವ ರೆಕಾರ್ಡಿನ ಮೇಲೂ ಅಚ್ಚಾಗದ ಹೆಸರು ಅದು. ಈಗ ನಾನು ಅಚ್ಚು ಹಾಕಿಸಿದರೆ ಅವರೇ ನಕ್ಕಾರು.

ನಾವಿರುವ ಈ ಡಚ್ ಊರು ಬಾಡ್‌ಹೂವೆಡಾರ್ಪ್, ಸ್ಕಿಪೋಲ್ ವಿಮಾನ ನಿಲ್ದಾಣದ ಮಗ್ಗುಲಿಗೇ ಇದೆ. ನಮ್ಮವರ ಆಫೀಸು ಹೂಫ್‌ಡಾರ್ಪ್‌ನಲ್ಲಿ. ಬಸ್ಸಿಗೆ ಸುಲಭ ಎಂದು ಇಲ್ಲಿ ಮನೆ ಮಾಡಿದ್ದು. ಸಾಲು ಮನೆಗಳು, ಎರಡು ಮನೆಗೆ ಒಂದೇ ಗೋಡೆ. ಆದರೆ ತಲೆಯ ಮೇಲೆ ಸದಾ ವಿಮಾನ ಹಾರುವ ಊರಿನಲ್ಲಿ ಪಕ್ಕದ ಮನೆಯ ಸದ್ದು ಯಾರಿಗೆ ಕೇಳುತ್ತದೆ? ಕಸದ ಡಬ್ಬಿ ಹೊರಗಿಡುವಾಗ ಕಂಡರೆ ನಾವು ಕೈ ಎತ್ತುತ್ತಿದ್ದೆವು, ಅವರು ಹ್ಯಾಟು ಎತ್ತುತ್ತಿದ್ದರು, ಅಷ್ಟೇ ಪರಿಚಯ. ಆಮೇಲೆ ಕೊರೋನಾ ಬಂತು. ವಿಮಾನಗಳು ನಿಂತವು. ಆಕಾಶ ಬಾಯಿ ಮುಚ್ಚಿಕೊಂಡಿತು. ಅಂಥ ಒಂದು ಸಂಜೆ, ದೀಪ ಹಚ್ಚುವ ಹೊತ್ತಿಗೆ, ಗೋಡೆಯ ಆಚೆಯಿಂದ ಸ್ಯಾಕ್ಸೊಫೋನ್ ಕೇಳಿತು.

ನಾನು ಮಂಗಳೂರು ಕಡೆಯವಳು. ನಮ್ಮಲ್ಲಿ ಅದು ಮಂಗಳವಾದ್ಯ. ಮದುವೆಯ ಧಾರೆಗೆ ಅದೇ, ದೇವರ ಪೂಜೆಗೂ ಅದೇ. ನನ್ನ ಸೋದರಮಾವ ದೇವಸ್ಥಾನದಲ್ಲಿ ಅದನ್ನು ನುಡಿಸುತ್ತಿದ್ದರು, ಸ್ನಾನ ಮಾಡದೆ ಮುಟ್ಟುತ್ತಿರಲಿಲ್ಲ. ಅದು ಹೊರದೇಶದ ವಾದ್ಯ ಎಂದು ನನಗೆ ಗೊತ್ತಾದದ್ದೇ ಕಾಲೇಜಿಗೆ ಹೋದ ಮೇಲೆ. ಹಾಗಾಗಿ ಆ ಸಂಜೆ ನನ್ನ ಕೈ ತಾನಾಗಿ ಆರತಿ ತಟ್ಟೆಗೆ ಹೋಯಿತು. ಇಷ್ಟು ವರ್ಷ ಪಕ್ಕದಲ್ಲೇ ಒಬ್ಬ ಭಕ್ತರು ಇದ್ದರಲ್ಲ, ನಮಗೆ ತಿಳಿಯಲೇ ಇಲ್ಲವಲ್ಲ ಎಂದುಕೊಂಡು ವಾದ್ಯ ನಿಲ್ಲುವ ತನಕ ಗಂಟೆ ಬಾರಿಸಿದೆ.

ನಮ್ಮವರು ಬೆಂಗಳೂರಿನವರು. ಆಗ ಮನೆಯಿಂದಲೇ ಕೆಲಸ. ಮಹಡಿಯಿಂದ ತಲೆ ಹೊರಗೆ ಹಾಕಿದರು.

"ಏನೇ ಇದು, ಆ ಕಡೆಯಿಂದ ಅವರು, ಈ ಕಡೆಯಿಂದ ನೀನು! ಮೀಟಿಂಗಲ್ಲಿ ಎಲ್ಲಾರೂ ಯಾರ ಮದುವೆ ಅಂತ ಕೇಳ್ತಿದಾರೆ."

"ದೇವರ ಕಾರ್ಯ ಮಾರಾಯ್ರೆ, ಸ್ವಲ್ಪ ತಡೀರಿ."

"ಮಂಗಳೂರಿನೋರ ದೇವರಿಗೆ ಮಾತ್ರ ಇಂಗ್ಲಿಷ್ ಬ್ಯಾಂಡ್ ಬೇಕು ನೋಡು!"

ಮರುದಿನ ಹಿತ್ತಲ ಬೇಲಿಯ ಹತ್ತಿರ ಅವರನ್ನು ಕಂಡಾಗ, ದೂರದಿಂದಲೇ ಕೈ ಮುಗಿದು, ನೀವು ಬಹಳ ಚೆನ್ನಾಗಿ ಪ್ರಾರ್ಥನೆ ಮಾಡುತ್ತೀರಿ ಎಂದೆ. ನನಗೆ ತಿಳಿದ ಇಂಗ್ಲಿಷಿನಲ್ಲಿ ಹೇಳಿದ್ದು. ಅವರ ಇಂಗ್ಲಿಷು ಬಾಯಲ್ಲೇನೋ ಇಟ್ಟುಕೊಂಡಂತೆ ನಿಧಾನ. ಇಲ್ಲಿ ಅವರ ಮಾತನ್ನೆಲ್ಲ ನನ್ನ ಕನ್ನಡದಲ್ಲಿ ಬರೆಯುತ್ತಿದ್ದೇನೆ. ಬಾಯಲ್ಲಿ ನಿಜಕ್ಕೂ ಏನೋ ಇತ್ತು. ವಾದ್ಯದ ತುದಿಗೆ ಕಟ್ಟುವ ಬೆತ್ತದ ಸೀಳು, ಅದನ್ನು ಎಂಜಲಲ್ಲಿ ನೆನೆಸುತ್ತಿದ್ದರು. ಹೊರಗೆ ತೆಗೆದು ನನ್ನನ್ನೇ ನೋಡಿದರು.

"ಪ್ರಾರ್ಥನೆಯಾ? ಬ್ಯೂರ್‌ಫ್ರೌ, ಅದು ಕಾರಿನ ಹಾಡು. ಹುಡುಗ ಅಪ್ಪನ ಕಾರು ಕದ್ದು ತರ್ತಾನೆ. ಕಿಟಕಿ ಹಾರಿ ಬಾ ಅಂತ ಹುಡುಗಿಯನ್ನ ಕರೀತಾನೆ."

ಬ್ಯೂರ್‌ಫ್ರೌ ಎಂದರೆ ಡಚ್ಚಿನಲ್ಲಿ ನೆರೆಮನೆಯಾಕೆ. ಕೊನೆಯವರೆಗೂ ಅವರು ನನ್ನನ್ನು ಹಾಗೇ ಕರೆದರು. ಆ ಹೊತ್ತು ನನಗೆ ಮುಖ ಬಿಸಿಯಾಯಿತು. ಆದರೂ ಬಿಡಲಿಲ್ಲ.

"ದೇವರು ಕೇಳಿ ಆಯ್ತಲ್ಲ. ಇನ್ನು ವಾಪಸ್ ತಗೊಳ್ಳಿಕ್ಕೆ ಆಗುದಿಲ್ಲ."

ಅವರು ಬೇಲಿ ಹಿಡಿದುಕೊಂಡು ನಕ್ಕರು. ಅಂದಿನಿಂದ ದೀಪದ ಹೊತ್ತಿಗೆ ಸರಿಯಾಗಿ ಅದೇ ಹಾಡು. ಬೆಳಿಗ್ಗೆ ಹಿತ್ತಲಲ್ಲಿ ಸಿಕ್ಕರೆ ವಿಚಾರಣೆ: "ನಿನ್ನೆ ನಿಮ್ಮ ದೇವರು ಕಾರಲ್ಲಿ ಎಲ್ಲಿ ತನಕ ಹೋಗಿದ್ರು?"

ಎತ್ತರದ ಆಳು, ಕಪ್ಪು ಮೈ, ಕುತ್ತಿಗೆ ಸ್ವಲ್ಪ ಮುಂದಕ್ಕೆ ಬಾಗಿತ್ತು. ಎಷ್ಟೋ ವರ್ಷ ಅದಕ್ಕೆ ವಾದ್ಯ ನೇತುಬಿದ್ದಿತ್ತಲ್ಲ. ಯಾರೂ ಹೊರಗೆ ಹೋಗದ ಆ ದಿನಗಳಲ್ಲೂ ಇಸ್ತ್ರಿ ಮಾಡಿದ ಅಂಗಿ ಹಾಕುತ್ತಿದ್ದರು. ಕೆಳತುಟಿಯ ಒಳಗೆ ಹಲ್ಲು ಒತ್ತಿ ಒತ್ತಿ ಒಂದು ಗಂಟು ಆಗಿತ್ತು, ಅದನ್ನು ಮಡಚಿ ತೋರಿಸುವುದೆಂದರೆ ಅವರಿಗೆ ಬಲು ಖುಷಿ. ಯೋಚನೆ ಮಾಡುವಾಗ ಬೆರಳುಗಳು ಬೇಲಿಯ ಪಟ್ಟಿಯ ಮೇಲೆ ಓಡುತ್ತಿದ್ದವು. ಒಂದು ದಿನ ವಾದ್ಯವನ್ನು ಹಾಗೇ ಹುಲ್ಲಿನ ಮೇಲೆ ಮಲಗಿಸಿ ಗುಲಾಬಿ ಗಿಡ ಕತ್ತರಿಸುತ್ತಿದ್ದರು. ನನಗೆ ತಡೆಯಲಾಗಲಿಲ್ಲ. ವಾದ್ಯವನ್ನು ನೆಲಕ್ಕೆ ಇಡುತ್ತಾರಾ ಎಂದು ಗದರಿ, ಒಳಗಿನಿಂದ ಒಂದು ರೇಷ್ಮೆ ರವಿಕೆ ಕಣ ತಂದು ಬೇಲಿಯ ಮೇಲೆ ಹಾಕಿದೆ. ಅದನ್ನು ಹಾಸಿ ಅದರ ಮೇಲೆ ಇಟ್ಟರು.

"ಇದಕ್ಕೆ ಇಷ್ಟು ಮರ್ಯಾದೆ ನನ್ನ ತಾಯಿಯೂ ಕೊಡಲಿಲ್ಲ. ಅವಳಿಗೆ ಇದು ಸೈತಾನನ ಕೊಳವೆ."

"ತಾಯಿಗೆ ಗೊತ್ತಿರ್ಲಿಲ್ಲ ಬಿಡಿ" ಎಂದೆ. "ಮಂಗಳೂರಿಗೆ ಬರಬೇಕಿತ್ತು ಅವರು."

ಅವರ ಕಥೆ ನನಗೆ ಸಿಕ್ಕಿದ್ದು ಹೀಗೆ ಬೇಲಿಯ ಮೇಲಿಂದ, ಚೂರು ಚೂರಾಗಿ. ಹರೆಯದಲ್ಲಿ ನ್ಯೂಯಾರ್ಕಿಗೆ ಹೋದರು. ಅಲ್ಲಿ ಹಾಡುಗಳನ್ನು ರೆಕಾರ್ಡು ಮಾಡುವ ಕಂಪನಿಗಳು ಬೆಳಿಗ್ಗೆ ಕರೆಯುತ್ತಿದ್ದವು. ಹಾಡುವವನು ಯಾರು ಎಂದು ಹೋದ ಮೇಲೆಯೇ ಗೊತ್ತಾಗುವುದು. ಚಂದದ ಹುಡುಗರು, ಕೂದಲಿಗೆ ಎಣ್ಣೆ ಹಚ್ಚಿದವರು. ಹಾಡಿನ ನಡುವೆ ಒಂದು ಕಡೆ ಹಾಡುವವನು ಬಾಯಿ ಮುಚ್ಚಿ ಹಿಂದೆ ಸರಿಯುತ್ತಾನೆ, ಅಲ್ಲಿ ಇವರು ಒಂದು ತುಂಡು ನುಡಿಸಬೇಕು. ಅಷ್ಟೇ ಕೆಲಸ. ಮಧ್ಯಾಹ್ನದೊಳಗೆ ಮುಗಿಸಿ ಮತ್ತೊಂದು ಕಂಪನಿಗೆ ಓಟ.

"ಹಾಡುವವರು ಉಸಿರೆಳೆಯುವ ಜಾಗ ಇದೆಯಲ್ಲ, ನಾನು ಆ ಊರಿನವನು" ಎನ್ನುತ್ತಿದ್ದರು.

"ಹೆಸರು ಹಾಕ್ತಿರಲಿಲ್ವಾ?"

"ಮದುವೆ ಕಾಗದದಲ್ಲಿ ಅಡುಗೆಯವರ ಹೆಸರು ಹಾಕ್ತೀರಾ ನೀವು?"

ಯಾವುದೋ ಹಾಡುಗಾರನ ಜೊತೆ ಯುರೋಪಿಗೆ ಬಂದಾಗ ರಾಟರ್‌ಡ್ಯಾಮ್‌ನಲ್ಲಿ ಒಂದು ಕಾರ್ಯಕ್ರಮ. ಮುಗಿದ ಮೇಲೆ ಹುಡುಗಿಯರೆಲ್ಲ ಹಾಡುಗಾರನ ಸುತ್ತ. ಒಬ್ಬಳು ಮಾತ್ರ ಇವರ ಹತ್ತಿರ ಬಂದಳು. ರೆಕಾರ್ಡು ಅಂಗಡಿಯಲ್ಲಿ ಕೆಲಸದವಳು, ಇಡೀ ದಿನ ಅಂಗಡಿಯಲ್ಲಿ ಅದೇ ಹಾಡುಗಳನ್ನು ಕೇಳುವವಳು. "ಕಾರಿನ ಹಾಡಿನಲ್ಲಿ ಇರೋದು ನೀವು ತಾನೇ? ಇನ್ನೊಬ್ಬಳು ಹಾಡೋ ಮಳೆಯ ಹಾಡಿನಲ್ಲೂ ನೀವೇ" ಎಂದಳಂತೆ. ಹೇಗೆ ಗೊತ್ತಾಯಿತು ಎಂದು ಕೇಳಿದರೆ, ಕೊನೆಯ ಸ್ವರಕ್ಕೆ ಮೊದಲು ನೀವೊಂದು ಉಸಿರು ತೆಗೆದುಕೊಳ್ಳುತ್ತೀರಿ, ಬೇರೆ ಯಾರೂ ಅಲ್ಲಿ ತೆಗೆದುಕೊಳ್ಳುವುದಿಲ್ಲ ಎಂದಳಂತೆ.

"ನನ್ನನ್ನ ಕಿವಿಯಿಂದ ಗುರುತು ಹಿಡಿದವಳು ಅವಳೊಬ್ಬಳೇ. ಅಂಥವಳನ್ನ ಬಿಟ್ಟು ಹಡಗು ಹತ್ತೋದು ಹೇಗೆ ಹೇಳಿ?"

ಹತ್ತಲಿಲ್ಲ. ಸ್ವಲ್ಪ ಕಾಲ ಇಲ್ಲಿಯ ರೇಡಿಯೋದಲ್ಲಿ ನುಡಿಸಿದರು. ಅಷ್ಟರಲ್ಲಿ ಗಿಟಾರಿನ ಹುಡುಗರು ಬಂದರು, ಉಸಿರಿನವರನ್ನು ಯಾರೂ ಕರೆಯದಾದರು. ಆಮೇಲೆ ನಿವೃತ್ತಿಯವರೆಗೂ ಸ್ಕಿಪೋಲಿನಲ್ಲಿ ಸರಕು ಇಳಿಸುವ ಕೆಲಸ. ಅದನ್ನು ಹೇಳುವಾಗ ಅವರ ದನಿಯಲ್ಲಿ ದೂರು ಇರಲಿಲ್ಲ. ಮನೆಗೆ ಬಂದರೆ ಕೇಳುವವಳೊಬ್ಬಳು ಇದ್ದಳಲ್ಲ, ನನಗೆ ಸಾಕಿತ್ತು ಎಂದರು.

ಆ ಕೇಳುವವಳಿಗೆ ಮರೆವಿನ ಕಾಯಿಲೆ. ಕೊರೋನಾಕ್ಕೆ ಮೊದಲೇ ಕಾಲುವೆಯ ಆಚೆಯ ಆರೈಕೆ ಮನೆಗೆ ಸೇರಿಸಬೇಕಾಗಿ ಬಂದಿತ್ತು. ಮಕ್ಕಳಿಲ್ಲ. ಇವರು ದಿನಾ ಮಧ್ಯಾಹ್ನ ಅಲ್ಲಿಗೆ ಹೋಗಿ, ಪಕ್ಕದಲ್ಲಿ ಕೂತು, ಒಂದಿಷ್ಟು ನುಡಿಸಿ, ಊಟ ಮಾಡಿಸಿ ಬರುತ್ತಿದ್ದರು. ಕೊರೋನಾ ಬಂದದ್ದೇ ಆರೈಕೆ ಮನೆಗಳ ಬಾಗಿಲು ಮುಚ್ಚಿದವು. ಇಡೀ ದೇಶದಲ್ಲಿ ಹಾಗೆಯೇ, ಯಾರನ್ನು ದೂರುವುದು? ದೇವರ ದಯೆ, ಅಜ್ಜಿಯ ಕೋಣೆ ನೆಲಮಹಡಿಯಲ್ಲಿತ್ತು. ಇವರು ಕಿಟಕಿಯ ಹೊರಗೆ ಹುಲ್ಲಿನ ಮೇಲೆ ನಿಂತು ನುಡಿಸತೊಡಗಿದರು. ಒಂದೆರಡು ಸಲ ನಾನೂ ಜೊತೆಗೆ ಹೋದೆ, ದೂರ ಬಿಟ್ಟು ನಡೆದುಕೊಂಡು. ಅಜ್ಜಿ ತೆಳ್ಳಗೆ, ಬೆಳ್ಳಗೆ, ಹಕ್ಕಿಯ ಹಾಗೆ. ಗಂಡನ ಹೆಸರು ಮರೆತಿದ್ದರು, ಮುಖ ಮರೆತಿದ್ದರು. ಆದರೆ ವಾದ್ಯ ಶುರುವಾದದ್ದೇ ತಲೆ ಎತ್ತಿ ಇವರನ್ನು ನೋಡಿ ಮುಖ ಅರಳಿಸುವರು. ಪಕ್ಕದಲ್ಲಿ ನಿಂತ ನರ್ಸಮ್ಮ ಅದೇ ಸಮಯ ನೋಡಿ ಚಮಚ ಬಾಯಿಗಿಡುವಳು. ಅವಳು ಹಿಂದೆ ಭಾರತದಿಂದ ಸುರಿನಾಮಿಗೆ ಕೂಲಿಗೆ ಹೋದ ಹಿಂದೂ ಮನೆಯೊಂದರ ಹುಡುಗಿ, ಕುತ್ತಿಗೆಯಲ್ಲಿ ಸಣ್ಣ ಓಂಕಾರದ ಪದಕ. ನನ್ನನ್ನು ಕಂಡರೆ ಗಾಜಿನ ಒಳಗಿನಿಂದ ಕೈ ಮುಗಿಯುತ್ತಿದ್ದಳು. ಅದೂ ಒಂದು ದಯೆಯೇ.

ಚಳಿ ಶುರುವಾಗುವ ಹೊತ್ತಿಗೆ ಅಜ್ಜನಿಗೇ ಕೊರೋನಾ ಬಂತು.

ಆಂಬುಲೆನ್ಸಿಗೆ ಹತ್ತಿಸುವಾಗ ನಾವು ಅಡುಗೆಮನೆಯ ಕಿಟಕಿಯಿಂದ ನೋಡಿದೆವು. ಹೊರಗೆ ಹೋಗುವ ಹಾಗಿಲ್ಲ, ಒಂದು ಲೋಟ ನೀರು ಕೊಡುವ ಹಾಗಿಲ್ಲ. ಹೊದಿಕೆಯ ಒಳಗಿನಿಂದ ಅವರ ಕೈ ಹ್ಯಾಟು ಎತ್ತುವ ಹಾಗೆ ಮೇಲಕ್ಕೆ ಬಂತು, ತಲೆಯಲ್ಲಿ ಹ್ಯಾಟು ಇರಲಿಲ್ಲ. ನಾನು ಊರಿಗೆ ಫೋನು ಮಾಡಿ, ನಮ್ಮ ದೇವಸ್ಥಾನದಲ್ಲಿ ಒಂದು ವಾದ್ಯ ಸೇವೆ ಮಾಡಿಸು ಎಂದು ತಮ್ಮನಿಗೆ ಹೇಳಿದೆ.

"ಯಾರ ಹೆಸರಲ್ಲಿ ಅಕ್ಕಾ?"

ಹೇಳಿದೆ.

"ಇದೆಂತ ಹೆಸರು! ಗೋತ್ರ ಎಂತ ಹೇಳ್ಬೇಕು ಭಟ್ರಿಗೆ?"

"ಸ್ಯಾಕ್ಸೊಫೋನಿನವರು ಅಂತ ಹೇಳು, ದೇವರಿಗೆ ಗೊತ್ತಾಗ್ತದೆ."

"ಹೇಳ್ಬಹುದಿತ್ತು ಅಕ್ಕಾ. ಆದ್ರೆ ಸೇವೆ ಎಲ್ಲ ನಿಲ್ಲಿಸಿದ್ದಾರೆ. ಊದುವ ವಾದ್ಯ ಅಂತೂ ಬೇಡವೇ ಬೇಡ ಅಂದಿದ್ದಾರೆ."

ಅಲ್ಲೂ ಹಾಗೆ, ಇಲ್ಲೂ ಹಾಗೆ. ಸಂಜೆ ದೀಪ ಹಚ್ಚಿ ಗೋಡೆಯ ಕಡೆ ಕಿವಿ ಇಟ್ಟು ಕೂರುತ್ತಿದ್ದೆ. ಅದರಿಂದ ಏನೂ ಆಗುವುದಿಲ್ಲ ಎಂದು ಗೊತ್ತಿತ್ತು. ಮತ್ತೇನು ಮಾಡಲಿಕ್ಕಿತ್ತು?

ದೇವರು ಅವರನ್ನು ವಾಪಸು ಕಳಿಸಿದ. ಉಸಿರನ್ನು ಮಾತ್ರ ಅಲ್ಲೇ ಇಟ್ಟುಕೊಂಡ. ಮನೆಗೆ ಬಂದ ಮರುದಿನ ಗೋಡೆಯ ಆಚೆಯಿಂದ ಒಂದು ಸ್ವರ ಶುರುವಾಗಿ, ಅಲ್ಲೇ ಮುರಿದು, ಕೆಮ್ಮಾಯಿತು. ಸ್ವಲ್ಪ ಹೊತ್ತು ಬಿಟ್ಟು ಮತ್ತೆ ಸ್ವರ, ಮತ್ತೆ ಕೆಮ್ಮು. ನಮ್ಮವರು ಮಹಡಿಯಿಂದ ಇಳಿದು ಬಂದು ಮೆಟ್ಟಿಲ ಮೇಲೆ ಕೂತರು.

ವಾದ್ಯ ಇಲ್ಲದೆಯೇ ಅವರು ಅಜ್ಜಿಯ ಕಿಟಕಿಗೆ ಹೋಗಿ ಬಂದರು. ಸೂಪಿನ ಪಾತ್ರೆ ಕೊಡಲು ಹೋದಾಗ ಬಾಗಿಲಲ್ಲೇ ಹೇಳಿದರು.

"ಮರವನ್ನ ನೋಡೋ ಹಾಗೆ ನೋಡಿದಳು ಬ್ಯೂರ್‌ಫ್ರೌ. ಮರವನ್ನಾದ್ರೂ ಸ್ವಲ್ಪ ಹೊತ್ತು ನೋಡ್ತಾಳೆ." ನಗಲು ಹೋದರು, ಉಸಿರು ಸಾಲಲಿಲ್ಲ. "ಊಟ ಬಿಟ್ಟಿದಾಳಂತೆ. ಮಧ್ಯಾಹ್ನ ಆದ್ರೆ ಕಿಟಕಿ ಕಡೆ ತಿರುಗಿ ಕೂರ್ತಾಳಂತೆ, ಚಮಚ ತಂದ್ರೆ ಬಾಯಿ ಮುಚ್ತಾಳಂತೆ. ನಾನು ನುಡಿಸದೆ ಇದ್ರೆ ಅವಳಿಗೆ ನಾನು ಇಲ್ಲ."

ಆ ಮಾತು ಕೇಳಿ ನನಗೆ ಹೊಳೆದದ್ದು ಒಂದೇ. ರೆಕಾರ್ಡು ಇದೆಯಲ್ಲ? ನಮ್ಮವರು ಇಂಟರ್ನೆಟ್ಟಿನಲ್ಲಿ ಹುಡುಕಿದರು, ಆ ಕಾರಿನ ಹಾಡು ಸಿಕ್ಕಿಯೇ ಬಿಟ್ಟಿತು. ಹಾಡುವವನ ದನಿಯನ್ನೆಲ್ಲ ಕತ್ತರಿಸಿ ತೆಗೆದು, ನಡುವಿನ ಸ್ಯಾಕ್ಸೊಫೋನನ್ನು ಮಾತ್ರ ಉಳಿಸಿ ಫೋನಿಗೆ ಹಾಕಿ ಕೊಟ್ಟರು. ನಾನು ಬೆಳಿಗ್ಗೆ ವಿಷ್ಣುಸಹಸ್ರನಾಮ ಕೇಳುವ ಸಣ್ಣ ಸ್ಪೀಕರ್ ಹಿಡಿದುಕೊಂಡು ಹೋಗಿ, ಅವರ ಬಾಗಿಲಲ್ಲಿ ನಿಂತು ಕೇಳಿಸಿದೆ. ಕಣ್ಣು ಮುಚ್ಚಿ ಕೇಳಿದರು.

"ಹಾಡುವವನನ್ನ ಹೊರಗೆ ಹಾಕಿ ನನ್ನನ್ನ ಉಳಿಸಿದ್ದು ಇದೇ ಮೊದಲು. ನಿಮ್ಮ ಯಜಮಾನರಿಗೆ ಥ್ಯಾಂಕ್ಸ್ ಹೇಳಿ."

ಇದನ್ನು ನಾನು ಹಿಂದೆ ನಿಂತು ಹಾಕುತ್ತೇನೆ, ನೀವು ಮುಂದೆ ನಿಂತು ಬೆರಳು ಆಡಿಸಿ, ಅಜ್ಜಿಗೆ ಗೊತ್ತಾಗುವುದಿಲ್ಲ ಎಂದೆ. ಅವರ ಮುಖ ಇಳಿದುಹೋಯಿತು. ಬಾಗಿಲ ಚೌಕಟ್ಟಿಗೆ ಒರಗಿ, ಮೂರು ಮಾತಿಗೊಮ್ಮೆ ನಿಲ್ಲಿಸುತ್ತಾ ಹೇಳಿದರು. ಆಗೆಲ್ಲ ಟಿವಿಯಲ್ಲಿ ಹಾಡು ತೋರಿಸುವಾಗ ರೆಕಾರ್ಡನ್ನೇ ಹಾಕುತ್ತಿದ್ದರಂತೆ, ಹಾಡುವವನು ಬರೀ ಬಾಯಿ ಆಡಿಸುವುದು.

"ಸ್ಯಾಕ್ಸೊಫೋನ್ ಬರೋ ಜಾಗದಲ್ಲಿ ಒಬ್ಬ ಬಿಳಿ ಹುಡುಗನನ್ನ ನಿಲ್ಲಿಸಿದ್ರು. ನನ್ನ ಉಸಿರು ಬೇಕಿತ್ತು, ನನ್ನ ಬಣ್ಣ ಬೇಡವಾಗಿತ್ತು. ಸೈತಾನನ ಕೊಳವೆ ಅಂತಿದ್ದ ನನ್ನ ತಾಯಿಯೇ ಬೀದಿಯವರನ್ನೆಲ್ಲ ಕರೆದು ಟಿವಿ ಮುಂದೆ ಕೂರಿಸಿದ್ದಳು, ಮಗ ಬರ್ತಾನೆ ಅಂತ. ಆ ಹುಡುಗನ ಬೆರಳು ಒಂದಾದ್ರೂ ಸರಿಯಾಗಿ ಓಡ್ತಿರಲಿಲ್ಲ. ಅದೇ ಕೆಲಸ ನಾನು ಈಗ ಅವಳ ಮುಂದೆ ಮಾಡಬೇಕಾ?"

ಸೂಪು ಆರುತ್ತದೆ, ಕುಡಿಯಿರಿ ಎಂದು ಹೇಳಿ ಬಂದುಬಿಟ್ಟೆ.

ಎರಡು ದಿನ ಕಳೆದು ಅವರೇ ಬೇಲಿಗೆ ಬಂದರು. ಇಸ್ತ್ರಿ ಅಂಗಿ, ಹ್ಯಾಟು, ಕುತ್ತಿಗೆಯಲ್ಲಿ ವಾದ್ಯ. ಆರೈಕೆ ಮನೆಯಿಂದ ಫೋನು ಬಂದಿತ್ತಂತೆ, ಅಜ್ಜಿ ನೀರನ್ನೂ ಬೇಡವೆನ್ನುತ್ತಿದ್ದಾರೆ ಎಂದು.

"ಸ್ಪೀಕರ್ ತಗೊಳ್ಳಿ ಬ್ಯೂರ್‌ಫ್ರೌ."

ಹುಲ್ಲಿನ ಮೇಲೆ ಇಬ್ಬನಿ ಗಟ್ಟಿಯಾಗಿ ಹೆಪ್ಪುಗಟ್ಟಿತ್ತು. ಕಾಲುವೆಯವರೆಗಿನ ದಾರಿಯಲ್ಲಿ ಅವರು ಮತ್ತೆ ಮತ್ತೆ ನಿಂತರು, ನಾನೂ ನಿಂತೆ. ಕೈ ಹಿಡಿಯುವ ಹಾಗಿಲ್ಲವಲ್ಲ. ಕಿಟಕಿಯ ಎದುರು ಅವರು ನೆಟ್ಟಗೆ ನಿಂತು ವಾದ್ಯವನ್ನು ತುಟಿಗಿಟ್ಟರು. ನಾನು ಒಂದೂವರೆ ಮೀಟರ್ ಹಿಂದೆ, ಸ್ವಲ್ಪ ಪಕ್ಕಕ್ಕೆ ನಿಂತೆ. ಹೆಗಲಲ್ಲಿ ತರಕಾರಿ ತರುವ ಬಟ್ಟೆಯ ಚೀಲ, ಅದರೊಳಗೆ ಸ್ಪೀಕರ್. ನರ್ಸಮ್ಮ ಬಟ್ಟಲು ಹಿಡಿದು ಕಿಟಕಿಯನ್ನು ಬೆರಳು ತೂರುವಷ್ಟು ಓರೆ ಮಾಡಿದಳು. ನಾನು ಕೃಷ್ಣನನ್ನು ನೆನೆದು ಗುಂಡಿ ಒತ್ತಿದೆ.

ಸ್ವರ ಬಂತು. ಅವರ ಬೆರಳು ಒಂದೂ ತಪ್ಪದೆ ಅದರ ಜೊತೆಯಲ್ಲೇ ಓಡಿತು. ಭುಜ ಎದ್ದಿತು, ಕೆನ್ನೆ ಉಬ್ಬಿತು. ಯಾರು ನೋಡಿದರೂ ಅವರೇ ನುಡಿಸುತ್ತಿದ್ದಾರೆ ಎನ್ನಬೇಕು.

ಅಜ್ಜಿ ತಲೆ ಎತ್ತಿದರು. ಕಣ್ಣು ಗಂಡನ ಮೇಲೆ ಬಿತ್ತು, ಅಲ್ಲಿ ನಿಲ್ಲಲಿಲ್ಲ. ಅವರನ್ನು ದಾಟಿ ಬಂದು ನನ್ನ ಹೆಗಲ ಚೀಲದ ಮೇಲೆ ನಿಂತಿತು. ಮುಖ ಅರಳಿತು. ಎಲ್ಲ ಮರೆತ ಆ ತಲೆಯಲ್ಲಿ ಕಿವಿ ಮಾತ್ರ ಎಚ್ಚರವಾಗಿ ಉಳಿದಿತ್ತು. ಸದ್ದು ಎಲ್ಲಿಂದ ಬರುತ್ತಿದೆ ಎಂದು ಅದಕ್ಕೆ ಯಾರೂ ಹೇಳಿಕೊಡಬೇಕಿರಲಿಲ್ಲ. ಚೀಲವನ್ನು ಎಲ್ಲಿ ಅಡಗಿಸಲಿ ನಾನು? ಮುಂದೆ ಹೋಗಲೇ, ಅವರ ಬೆನ್ನಿಗೆ ಅಂಟಿ ನಿಲ್ಲಲೇ?

ಅಜ್ಜನಿಗೂ ಅದು ಕಾಣಿಸಿತು. ಬೆರಳುಗಳು ನಿಧಾನವಾಗಿ ನಿಂತವು. ವಾದ್ಯ ತುಟಿಯಿಂದ ಇಳಿಯಿತು. ಸ್ವರ ಹಾಗೇ ಮುಂದುವರಿಯುತ್ತಿತ್ತು. ಅವರು ಅಳುತ್ತಿದ್ದರು, ಒರೆಸಿಕೊಳ್ಳಲಿಲ್ಲ.

ಅಜ್ಜಿ ಒಳಗೆ ಏನೋ ಹೇಳಿದರು. ನರ್ಸಮ್ಮ ಬಾಗಿ ಕೇಳಿಸಿಕೊಂಡು ನೆಟ್ಟಗಾದಳು. ನನ್ನ ಕಡೆ ನೋಡಿದಳು.

"ಏನಂದಳು?" ಎಂದರು ಅಜ್ಜ.

"ಏನಿಲ್ಲ ಸರ್."

"ಹೇಳಿ ಮಗಳೇ."

"ನುಡಿಸ್ತಿರೋದು ನನ್ನ ಗಂಡ, ಅಂದ್ರು." ಕಣ್ಣು ಬಟ್ಟಲಿಗೆ ಇಳಿಸಿದಳು. "ಹೊರಗೆ ಯಾರೋ ಅಜ್ಜ ಚಳಿಯಲ್ಲಿ ನಿಂತು ಅಳ್ತಿದಾರೆ, ಪಾಪ. ಅವರಿಗೂ ಇಷ್ಟ ಆಗಿದೆ ಅಂತ ಕಾಣತ್ತೆ, ಒಳಗೆ ಕರೀರಿ, ಇಲ್ಲಿ ನನ್ನ ಪಕ್ಕ ಕೂತು ಕೇಳಲಿ ಅಂತಿದಾರೆ."

ಕಿಟಕಿ ಬೆರಳಿನಷ್ಟು ತೆರೆದಿತ್ತು. ಬಾಗಿಲು ನಾಲ್ಕು ಹೆಜ್ಜೆ ಆಚೆ ಇತ್ತು. ಅದನ್ನು ತೆಗೆಯುವ ಅಧಿಕಾರ ಆ ಹುಡುಗಿಗೆ ಇರಲಿಲ್ಲ, ಅಜ್ಜನಿಗಿರಲಿಲ್ಲ, ನನಗಂತೂ ಮೊದಲೇ ಇರಲಿಲ್ಲ.

ಅಜ್ಜ ಹ್ಯಾಟು ತೆಗೆದು ಎದೆಗೆ ಹಿಡಿದರು.

"ಇಲ್ಲಿಂದಲೇ ಚೆನ್ನಾಗಿ ಕೇಳ್ತದೆ ಮೇಡಂ ಅಂತ ಹೇಳಿ. ಬಹಳ ಚೆನ್ನಾಗಿ ನುಡಿಸ್ತಾರೆ ಅಂದ್ರು ಅಂತ ಹೇಳಿ."

ನರ್ಸಮ್ಮ ಹೇಳಿದಳು. ಅಜ್ಜಿ ಗಂಡನನ್ನು ಹೊಗಳಿದ್ದು ಕೇಳಿದ ಹೆಂಡತಿಯ ಹಾಗೆ ಗಲ್ಲ ಮೇಲೆತ್ತಿ, ಅಪರಿಚಿತರೊಬ್ಬರಿಗೆ ತಲೆ ಬಾಗಿಸುವಷ್ಟೇ ಬಾಗಿಸಿದರು. ಚಮಚ ಬಾಯಿಗೆ ಬಂತು. ಬಾಯಿ ತೆರೆಯಿತು. ನುಂಗಿದರು.

ಅಷ್ಟರಲ್ಲಿ ಆ ತುಂಡು ಮುಗಿಯಿತು. ಅಜ್ಜಿ ಬಾಯಿ ಮುಚ್ಚಿ ಚೀಲದ ಕಡೆಗೇ ನೋಡುತ್ತಾ ಕೂತರು.

"ಇನ್ನೊಮ್ಮೆ ಹಾಕಿ ಬ್ಯೂರ್‌ಫ್ರೌ" ಎಂದರು ಅವರು, ನನ್ನ ಕಡೆ ತಿರುಗದೆ. "ಬಟ್ಟಲಲ್ಲಿ ಇನ್ನೂ ಇದೆ."